ಅವ್ವನ ಹೆಸರಿಗೆ ಎರಡು ಆಧಾರ

ಮಕ್ಕಳ ಹೆಸರಿನ ಅರ್ಥ ಖರೆಯೋ ಸುಳ್ಳೋ ಎಂದು ನೋಡುವುದು ನನ್ನ ನೌಕರಿ. ಹೀಗೂ ಒಂದು ನೌಕರಿ ಇರುತ್ತದೆಯೇ ಎಂದು ಕೇಳಿದವರೆಲ್ಲ ನಗುತ್ತಾರೆ. ನಮ್ಮ ಅವ್ವನೂ ನಕ್ಕಿದ್ದಳು.

"ಇದಕ್ಕ ಹದಿನೈದು ವರ್ಷ ಸಾಲಿ ಕಲ್ತೇನಬೇ? ಹೆಸರಿನ ಅರ್ಥ ಹೇಳ್ಲಾಕ ಕಟ್ಟಿ ಮ್ಯಾಲ ಕುಂತ ಮುದುಕೇರು ಸಾಲಲ್ಲೇನು?"

ಆ ಮಾತು ಎಷ್ಟು ಸರಿ ಎಂದು ಗೊತ್ತಾಗಲು ನನಗೆ ಮೂರು ವರ್ಷ ಹಿಡಿಯಿತು.

ಪುಣೆಯ ಮಗರಪಟ್ಟಾದ ಒಂದು ಕಟ್ಟಡದ ಐದನೇ ಮಹಡಿಯಲ್ಲಿ ನಮ್ಮ ಆಫೀಸು. ಮಗುವಿಗೆ ಹೆಸರು ಹುಡುಕುವವರಿಗೆಂದು ಅಲ್ಲಿ ಒಂದು ಆ್ಯಪ್ ಮಾಡುತ್ತಾರೆ. ಹೆಸರು, ಅದು ಯಾವ ಭಾಷೆಯದು, ಅದರ ಅರ್ಥ, ಹೀಗೆ ಮೂರು ಖಾನೆ. ಹೆಸರುಗಳು ಮೊದಲೇ ಬಂದಿರುತ್ತವೆ. ಎಲ್ಲಿಂದ ಬಂದವು ಎಂದು ಯಾರೂ ಹೇಳುವುದಿಲ್ಲ. ಒಬ್ಬರದನ್ನು ನೋಡಿ ಇನ್ನೊಬ್ಬರು ಬರೆದುಕೊಂಡದ್ದು, ಅವರದನ್ನು ನೋಡಿ ಮತ್ತೊಬ್ಬರು. ಹೆಣ್ಣುಮಕ್ಕಳ ಹೆಸರಿನಲ್ಲಿ ಅರ್ಧಕ್ಕೆ 'ಲಕ್ಷ್ಮಿಯ ಇನ್ನೊಂದು ಹೆಸರು' ಎಂದಿರುತ್ತದೆ, ಉಳಿದರ್ಧಕ್ಕೆ 'ಸುಂದರಿ' ಎಂದು. ಲಕ್ಷ್ಮಿಗೇ ಗೊತ್ತಿಲ್ಲದ ಹೆಸರುಗಳು ಅವು. ಒಂದೊಂದನ್ನೂ ತೆಗೆದು ನೋಡಿ ನಾನು ಗುರುತು ಹಾಕಬೇಕು. ಪ್ರತಿ ಅರ್ಥಕ್ಕೆ ಎರಡು ಆಧಾರ ಬೇಕು, ಒಂದು ಬರಹದ್ದು, ಇನ್ನೊಂದು ಆ ಭಾಷೆ ಆಡುವವರ ಬಾಯಿಂದ ಬಂದದ್ದು. ಎರಡೂ ಇದ್ದರೆ ಹಸಿರು ಗುರುತು, ಒಂದೇ ಇದ್ದರೆ ಹಳದಿ, ಯಾವುದೂ ಇಲ್ಲದಿದ್ದರೆ ಕೆಂಪು.

ಕೆಲಸ ಸಿಕ್ಕ ಕಥೆಯನ್ನೂ ಹೇಳಿಬಿಡುತ್ತೇನೆ, ಯಾಕೆಂದರೆ ಅದನ್ನು ಹೇಳುವುದು ನನಗೆ ಇಷ್ಟ. ಇಂಟರ್‌ವ್ಯೂನಲ್ಲಿ ನನ್ನ ಮುಂದೆ ಹತ್ತು ಹೆಸರಿನ ಪಟ್ಟಿ ಇಟ್ಟಿದ್ದರು. ಅದರಲ್ಲಿ 'ಹೇಲಿ' ಎಂದು ಒಂದಿತ್ತು. ಗುಜರಾತಿಯಲ್ಲಿ ಬಿಡದೆ ಸುರಿಯುವ ಮಳೆ ಎಂದು ಅರ್ಥ, ಚೆಂದದ ಹೆಸರು. ನಾನು ಓದಿ ಕಿಸಕ್ಕನೆ ನಕ್ಕುಬಿಟ್ಟೆ. ಎದುರಿಗಿದ್ದ ದೊಡ್ಡ ಸಾಹೇಬರು ಯಾಕೆ ಎಂದು ಇಂಗ್ಲಿಷಿನಲ್ಲಿ ಕೇಳಿದರು. ಬೆಳಗ್ಗೆ ಕೂಸು ಅರಿವೆಯಲ್ಲಿ ಏನು ಮಾಡುತ್ತದೋ ಅದಕ್ಕೆ ನಮ್ಮ ಭಾಷೆಯಲ್ಲಿ ಈ ಶಬ್ದ ಸರ್, ಕನ್ನಡದ ಮನೆಗೆ ಇದನ್ನು ತೋರಿಸಬೇಡಿ ಎಂದೆ. ಅವರೂ ನಕ್ಕರು. ಮುಂದಿನ ಸೋಮವಾರದಿಂದ ಬಾ ಎಂದರು. ನನ್ನ ಡಿಗ್ರಿ ನೋಡಿ ಕೊಟ್ಟರೋ, ಹೇಲಿಗೆ ಕೊಟ್ಟರೋ ಇವತ್ತಿಗೂ ಗೊತ್ತಿಲ್ಲ. ಡಿಗ್ರಿಗೆ ಎಂದೇ ನಾನು ಹೇಳಿಕೊಳ್ಳುತ್ತೇನೆ.

ಆ ಡಿಗ್ರಿಯ ವಿಷಯವೂ ಇಲ್ಲಿ ಬೇಕು. ಅಪ್ಪ ಅವ್ವ ಯಾದಗಿರಿ ಕಡೆಯ ಒಂದು ಹಳ್ಳಿಯಿಂದ ಪುಣೆಗೆ ಕಟ್ಟಡದ ಕೆಲಸಕ್ಕೆ ಬಂದವರು. ನಾನು, ನನ್ನ ತಮ್ಮ ಇಲ್ಲೇ ಹುಟ್ಟಿದ್ದು, ತಗಡಿನ ಶೆಡ್ಡಿನಲ್ಲಿ. ಒಂದು ಕಟ್ಟಡ ಮುಗಿದರೆ ಶೆಡ್ಡು ಎದ್ದು ಇನ್ನೊಂದು ಕಡೆ ಹೋಗುತ್ತಿತ್ತು. ಸಾಲಿ ಮಾತ್ರ ಒಂದೇ, ನಗರಪಾಲಿಕೆಯ ಕನ್ನಡ ಸಾಲಿ. ಎಷ್ಟು ದೂರದ ಶೆಡ್ಡಿನಲ್ಲಿದ್ದರೂ ಅವ್ವ ನಮ್ಮನ್ನು ಬಸ್ಸು ಹತ್ತಿಸಿ ಅಲ್ಲಿಗೇ ಕಳಿಸಿದಳು. ನಮ್ಮ ಎರಡೂ ಕಡೆಯ ಸಂಬಂಧಿಕರಲ್ಲಿ ಕಾಲೇಜು ಮುಗಿಸಿದವಳು ನಾನೊಬ್ಬಳೇ. ನಾನಿದನ್ನು ಸಣ್ಣ ದನಿಯಲ್ಲಿ ಹೇಳುವುದಿಲ್ಲ. ಈಗ ನಾವಿರುವ ಯೆರವಡಾದ ಎರಡು ಖೋಲಿಯ ಮನೆಯಲ್ಲಿ, ಬಾಗಿಲು ತೆಗೆದರೆ ಮೊದಲು ಕಾಣುವುದು ದೇವರ ಫೋಟೋ ಅಲ್ಲ, ಕಟ್ಟು ಹಾಕಿಸಿದ ನನ್ನ ಸರ್ಟಿಫಿಕೇಟು.

ಅದರಲ್ಲಿ ಒಂದು ತಪ್ಪಿದೆ.

ಇಲ್ಲಿ ಸರ್ಟಿಫಿಕೇಟಿನ ಮೇಲೆ ತಾಯಿಯ ಹೆಸರೂ ಅಚ್ಚಾಗುತ್ತದೆ. ಹತ್ತನೇ ಇಯತ್ತೆಯ ಫಾರ್ಮು ತುಂಬುವ ದಿನ ಅವ್ವ ಅರ್ಧ ದಿನ ಕೆಲಸ ಬಿಟ್ಟು ನನ್ನ ಜತೆ ಬಂದಿದ್ದಳು. ಗುಮಾಸ್ತರು ತಲೆ ಎತ್ತದೆ, "ಆಈಚಂ ನಾವ?" ಎಂದು ಮರಾಠಿಯಲ್ಲಿ ತಾಯಿಯ ಹೆಸರು ಕೇಳಿದರು. ಅವ್ವ ಹೇಳಿದಳು. ಅವರಿಗೆ 'ಸಖುಬಾಯಿ' ಎಂದು ಕೇಳಿಸಿತು, ಹಾಗೇ ಬರೆದರು. ನಾನು ತಿದ್ದಲು ಬಾಯಿ ತೆಗೆದೆ. ಅವ್ವ ನನ್ನ ಮುಂಗೈ ಅದುಮಿದಳು.

"ಇರಲಿ ಬಿಡು. ಅದೇ ಛಲೋ ಅದ."

ಹತ್ತನೆಯದರ ಮೇಲೆ ಬಂದ ಹೆಸರು ಹನ್ನೆರಡನೆಯದಕ್ಕೆ, ಅಲ್ಲಿಂದ ಡಿಗ್ರಿಗೆ ಹೋಯಿತು. ಗೋಡೆಯ ಮೇಲಿನ ಕಾಗದದಲ್ಲಿ ನನ್ನ ಹೆಸರಿನ ಕೆಳಗೆ ಇರುವುದು ಯಾರೋ ಸಖುಬಾಯಿ. ಅವ್ವನ ಹೆಸರು ಸಾಕವ್ವ.

ಹೆಸರು ಯಾಕೆ ಬಂತು ಎಂದು ಅವ್ವ ಒಂದೇ ಸಲ ಹೇಳಿದ್ದಾಳೆ, ಅಕ್ಕಿ ಆರಿಸುತ್ತ, ಬೇರೆ ಯಾರದೋ ಸುದ್ದಿ ಹೇಳಿದ ಹಾಗೆ. ಅವಳ ತಾಯಿಗೆ ಮೊದಲು ಮೂರು ಹೆಣ್ಣು ಹುಟ್ಟಿ ಹೋಗಿದ್ದವು. ನಾಲ್ಕನೆಯವಳು ಇವಳು, ಇವಳೂ ಹೆಣ್ಣು. ಇನ್ನು ಹೆಣ್ಣು ಸಾಕು ಎಂದು ಅಪ್ಪ ಸಾಕವ್ವ ಎಂದು ಇಟ್ಟ. ಮುಂದೆ ಎರಡು ಗಂಡು ಹುಟ್ಟಿದವು. "ಹೆಸರು ಕೆಲಸ ಮಾಡ್ತು ನೋಡು ಅಂತ ಊರ ಮಂದಿ ನನ್ನ ಮುಂದೇ ಅಂತಿದ್ರು" ಎಂದು ಹೇಳಿ, ಅಕ್ಕಿಯಲ್ಲಿದ್ದ ಹರಳನ್ನು ಕಿಟಕಿಯಿಂದ ಆಚೆ ಒಗೆದಳು.

ಹೋದ ವರ್ಷ ನನ್ನ ತಮ್ಮನಿಗೆ ಮಗಳು ಹುಟ್ಟಿದಳು. ತಮ್ಮ ಆಫೀಸಿನ ಮಂದಿಯನ್ನು ಕರೆದೊಯ್ಯುವ ಕಾರು ಓಡಿಸುತ್ತಾನೆ. ಅವನ ಹೆಂಡತಿಗೆ ತವರಿನಲ್ಲಿ ತಾಯಿ ಇಲ್ಲ. ಹಾಗಾಗಿ ಬಾಣಂತನ ನಮ್ಮ ಮನೆಯಲ್ಲೇ ಆಯಿತು. ಎರಡು ಖೋಲಿಯಲ್ಲಿ ಒಂದು ಬಾಣಂತಿಗೆ ಹೋಯಿತು. ಮೊಣಕಾಲು ನೋವು ಎಂದು ವರ್ಷದಿಂದ ಕೆಳಗೆ ಕೂರದಿದ್ದ ಅವ್ವ, ದಿನಾ ಬೆಳಗ್ಗೆ ಬಚ್ಚಲಲ್ಲಿ ಕಾಲು ಚಾಚಿ ಕೂತು, ಕೂಸನ್ನು ಕಾಲ ಮೇಲೆ ಮಲಗಿಸಿ ಎಣ್ಣೆ ಹಚ್ಚುತ್ತಿದ್ದಳು. ಮೊಣಕಾಲು ಈಗ ನೋಯುವುದಿಲ್ಲವೇ ಎಂದರೆ, "ನೋಯ್ತದ. ಅದರ ಕೆಲಸ ಅದು ಮಾಡ್ತದ, ನನ್ನ ಕೆಲಸ ನಾ ಮಾಡ್ತೀನಿ" ಎನ್ನುತ್ತಿದ್ದಳು.

ಹದಿಮೂರನೇ ದಿನ ತೊಟ್ಟಿಲಿಗೆ ಹಾಕಿ ಹೆಸರಿಡಬೇಕು. ನಮ್ಮಲ್ಲಿ ಹೆಸರಿಡುವವಳು ಸೋದರತ್ತೆ, ಕೂಸಿನ ಅಪ್ಪನ ಅಕ್ಕ ಅಥವಾ ತಂಗಿ. ತೊಟ್ಟಿಲಿಗೆ ಬಗ್ಗಿ ಕೂಸಿನ ಕಿವಿಯಲ್ಲಿ 'ಕುರ್‍ರ್' ಎಂದು ಹೆಸರು ಹೇಳಬೇಕು. ಆಗ ಹಿಂದೆ ನಿಂತ ಹೆಂಗಸರು ಅವಳ ಬೆನ್ನಿಗೆ ಗುದ್ದುತ್ತಾರೆ. ಮರಾಠಿಯವರಲ್ಲೂ ಹೀಗೇ ಇದೆ. ಅಂದರೆ ಈ ಸಲ ಬೆನ್ನು ನನ್ನದು, ಹೆಸರಿನ ಜವಾಬ್ದಾರಿಯೂ ನನ್ನದು. ದಿನಾ ಇದೇ ಕೆಲಸ ಮಾಡುವವಳು, ಸುಲಭ ಎಂದುಕೊಂಡಿದ್ದೆ.

ತಮ್ಮ ಮೊಬೈಲಿನಲ್ಲಿ ಎಲ್ಲೋ ನೋಡಿ ಒಂದು ಹೆಸರು ತಂದ. ಅದನ್ನು ಇಲ್ಲಿ ಬರೆಯುವುದಿಲ್ಲ, ಇದನ್ನು ಓದುವವರ ಮಗಳ ಹೆಸರೂ ಅದೇ ಇರಬಹುದು. ಸಂಸ್ಕೃತದಲ್ಲಿ 'ಗಂಗೆಯ ಮೊದಲ ಅಲೆ' ಎಂದು ಅರ್ಥವಂತೆ. ನಾನು ಎರಡು ದಿನ ಹುಡುಕಿದೆ. ಅಲೆಯೂ ಇಲ್ಲ, ಗಂಗೆಯೂ ಇಲ್ಲ, ಸಂಸ್ಕೃತವೂ ಅಲ್ಲ. ಕೆಂಪು ಎಂದು ಹೇಳಿದೆ.

"ಅಕ್ಕ, ಕೇಳ್ಲಾಕ ಛಲೋ ಅದ ಇಲ್ಲೋ?"

"ಅದ. ಅರ್ಥ ಸುಳ್ಳು."

"ಆಫೀಸಿನ ಕೆಂಪು ಪೆನ್ನು ಮನಿಗಿ ಯಾಕ ತರ್ತಿ ನೀ?"

ಒಳಗಿನ ಖೋಲಿಯಿಂದ ಅವನ ಹೆಂಡತಿ ಕರೆದಳು. ಅವಳು ಹೆಚ್ಚು ಮಾತಾಡುವವಳಲ್ಲ. ಕೂಸಿನ ಕಡೆ ನೋಡುತ್ತ ಹೇಳಿದಳು, "ಅಕ್ಕಾ, ನನಗ ಅವ್ವ ಇಲ್ಲ. ಅತ್ತಿ ಈ ಹತ್ತು ದಿನ ಮಾಡಿದ್ದು ನನ್ನವ್ವ ಇದ್ರೂ ಮಾಡ್ತಿದ್ದಳೋ ಇಲ್ಲೋ. ಕಾಗದದ ಮ್ಯಾಲ ಯಾವುದರ ಇಡ್ರಿ. ಕಿವ್ಯಾಗ ಮೊದಲು ಅತ್ತಿ ಹೆಸರು ಹೇಳ್ರಿ."

ನಮ್ಮಲ್ಲಿ ಅಜ್ಜಿಯ ಹೆಸರು ಮೊಮ್ಮಗಳಿಗೆ ಹೋಗುವುದು ಹೊಸತೇನಲ್ಲ. ಅವ್ವ ಬಚ್ಚಲಿನಿಂದ ಬಿಸಿನೀರಿನ ತಂಬಿಗೆ ಹಿಡಿದು ಬರುತ್ತಿದ್ದಳು, ಬಾಗಿಲಲ್ಲಿ ನಿಂತಳು.

"ಬ್ಯಾಡ."

"ಯಾಕ್ರಿ ಅತ್ತಿ?"

"ಬ್ಯಾಡ ಅಂದ್ರ ಬ್ಯಾಡ. ಇದು ಸಾಕು ಅನ್ನಿಸ್ಕೊಂಡು ಬೆಳಿಯೋದು ಬ್ಯಾಡ. ಆ ಹೆಸರು ನನ್ನ ಸಂಗಟ ಹೋಗಲಿ."

ತಂಬಿಗೆ ಕೆಳಗಿಟ್ಟು ಒಳಗೆ ಹೋದಳು. ಬಾಣಂತಿ ಅಳತೊಡಗಿದಳು. ನಾನು ಅಲ್ಲೇ ಕೂತೆ. ಅವ್ವ ತನ್ನ ಹೆಸರನ್ನು ಸಲೀಸಾಗಿ ಹೊತ್ತುಕೊಂಡಿದ್ದಾಳೆ ಎಂದು ನಾನು ಇಷ್ಟು ವರ್ಷ ತಿಳಿದಿದ್ದೆ. ಗುಮಾಸ್ತರ ಮುಂದೆ ನನ್ನ ಮುಂಗೈ ಅದುಮಿದ್ದು ಯಾಕೆ ಎಂದು ಆಗ ನಿಜವಾಗಿ ತಿಳಿಯಿತು. ಮಗಳ ಸರ್ಟಿಫಿಕೇಟಿನಲ್ಲಿ ಸಾಕು ಎಂಬುದು ಅವಳಿಗೆ ಬೇಕಿರಲಿಲ್ಲ.

ಮರುದಿನ ಆಫೀಸಿನಲ್ಲಿ ದಪ್ಪ ನಿಘಂಟು ತೆಗೆದೆ. 'ಸಾಕು' ಎಂಬಲ್ಲಿ ಎರಡು ಅರ್ಥ. ಒಂದು, ಇಷ್ಟೇ, ಇನ್ನು ಬೇಡ. ಇನ್ನೊಂದು, ಸಲಹು, ಪೋಷಿಸು. ನೂರು ಸಲ ಬಳಸಿದ ಶಬ್ದ ಅದು. ಸಾಕಿದ ನಾಯಿ, ಸಾಕಿದ ತಾಯಿ. ಆದರೂ ಕಣ್ಣಿಗೆ ಹೊಸದಾಗಿ ಬಿತ್ತು. ಸಾಕವ್ವ ಎಂದರೆ ಸಾಕಿದ ಅವ್ವ, ಸಲಹುವ ತಾಯಿ. ಎಷ್ಟು ಚೆಂದದ ಅರ್ಥ, ಬರಹದ ಆಧಾರವೂ ಇದೆ. ಸಂಜೆ ಬಸ್ಸಿನಲ್ಲಿ ಕೂತು, ಹೇಗೆ ಹೇಳಬೇಕು ಎಂದು ಮೂರು ನಾಲ್ಕು ಸಲ ಮನಸ್ಸಿನಲ್ಲೇ ಹೇಳಿ ನೋಡಿದೆ.

ಮನೆಗೆ ಹೋದಾಗ ಅವ್ವ ಕೂಸಿನ ಅರಿವೆ ಮಡಿಚುತ್ತಿದ್ದಳು. ಹೇಳಿದೆ. ಅವಳು ಪೂರ್ತಿ ಕೇಳಿದಳು. ಒಂದು ಅರಿವೆ ಮಡಿಚಿ, ಇನ್ನೊಂದು ತೆಗೆದುಕೊಂಡಳು.

"ಎರಡರೊಳಗ ನಂದು ಯಾವುದು ಅಂತ ಪುಸ್ತಕದಾಗ ಬರ್ದದೇನು?"

"ಇಲ್ಲ."

"ಮತ್ತ ನೀ ಹೆಂಗ ಹೇಳ್ತಿ?"

"ಆಗಬಹುದು ಅಂತ…"

"ಆಫೀಸಿನ್ಯಾಗೂ ಹಿಂಗೇ ಮಾಡ್ತೀಯೇನು? ಮಂದಿ ಅಳ್ತಾರಂತ ಅರ್ಥ ಬದಲ ಮಾಡ್ತೀಯೇನು?"

ಹೊರಗಿನ ಖೋಲಿಯಲ್ಲಿ ಚಹಾ ಕುಡಿಯುತ್ತಿದ್ದ ತಮ್ಮ, "ಕೆಂಪು, ಕೆಂಪು" ಎಂದ. ಅವನಿಗೆ ಅಂದು ಎಷ್ಟು ಸಂತೋಷವಾಯಿತೋ.

ಮೂರು ವರ್ಷದ ನೌಕರಿಯಲ್ಲಿ ನನ್ನ ಕೆಲಸವನ್ನು ಯಾರೂ ಅಷ್ಟು ಸರಿಯಾಗಿ ಹಿಡಿದಿರಲಿಲ್ಲ. ನಿಘಂಟಿನಲ್ಲಿ ಎರಡು ಅರ್ಥ ಇದ್ದರೆ ಚೆಂದದ್ದನ್ನು ಆರಿಸುವುದೇ ನಾನು ದಿನಾ ಅಳಿಸುವ ತಪ್ಪು. ಅದನ್ನೇ ಮನೆಗೆ ಬಂದು ಮಾಡಿದ್ದೆ, ಅದೂ ಅವ್ವನಿಗೆ.

ನನ್ನ ಪಕ್ಕದ ಮೇಜಿನಲ್ಲಿ ಮರಾಠಿ ಹೆಸರು ನೋಡುವವಳು ಕೂರುತ್ತಾಳೆ, ಕೊಂಕಣದ ಹುಡುಗಿ. ಮರುದಿನ ಡಬ್ಬಿ ಬಿಚ್ಚುವಾಗ ನನ್ನ ಮುಖ ನೋಡಿ ಏನಾಯಿತು ಎಂದು ಕೇಳಿದಳು. ಅವ್ವನ ಹೆಸರು ಹೇಳಿದೆ.

"ಸಾಕವ್?" ಎಂದಳು, ಮರಾಠಿಯಲ್ಲಿ. "ನಮ್ಮೂರಿನ ಹಳ್ಳದ ಮೇಲೆ ಒಂದಿದೆಯಲ್ಲ."

ಹಳ್ಳ ದಾಟಲು ಹಾಕುವ ಸಣ್ಣ ಕಾಲುಸೇತುವೆಗೆ ಅವರಲ್ಲಿ ಸಾಕವ ಎನ್ನುತ್ತಾರಂತೆ. ಮಳೆಗಾಲದಲ್ಲಿ ಸಾಲಿಗೆ ಹೋಗುವಾಗ ಅಜ್ಜ ಇವಳನ್ನು ಹೆಗಲ ಮೇಲೆ ಕೂರಿಸಿ ಅದನ್ನು ದಾಟಿಸುತ್ತಿದ್ದನಂತೆ. "ನಿಮ್ಮಮ್ಮನಿಗೆ ಹೇಳು, ಅವರು ಸೇತುವೆ ಅಂತ."

"ಹೇಳಿದರೆ ಹೊಡೀತಾಳೆ. ಯಾದಗಿರಿಯಲ್ಲಿ ಮರಾಠಿ ಹೆಸರು ಯಾಕೆ ಇಡ್ತಾರೆ ಅಂತ ಕೇಳ್ತಾಳೆ."

"ಚೆಂದದ ಹೆಸರೇ ಆಗಬೇಕೇನು? ನಮ್ಮ ಅಜ್ಜನ ಹೆಸರು ಧೋಂಡು. ಕಲ್ಲು. ಅವನಿಗಿಂತ ಮುಂಚೆ ಹುಟ್ಟಿದ ಮಕ್ಕಳು ಉಳಿಯಲಿಲ್ಲ, ಕಲ್ಲು ಅಂದರೆ ಯಾರೂ ಒಯ್ಯುವುದಿಲ್ಲ ಅಂತ ಇಟ್ಟರು. ಇಟ್ಟವರನ್ನು ಕೇಳದೆ ಗೊತ್ತಾಗುತ್ತಾ?"

ಅವಳು ಇದನ್ನು ಚಪಾತಿ ಮುರಿಯುತ್ತ ಹೇಳಿದಳು. ನಮ್ಮ ಕಡೆಯೂ ತಿಪ್ಪಣ್ಣ, ತಿಪ್ಪವ್ವ ಎಂದು ಇಡುತ್ತಾರೆ, ತಿಪ್ಪೆಯ ಮೇಲೆ ಹೊರಳಿಸಿ ತಂದ ಕೂಸು, ಸಾವಿಗೆ ಬೇಡವಾಗಲಿ ಎಂದು. ಅಂಥ ಎಷ್ಟೋ ಹೆಸರಿಗೆ ನಾನೇ ಹಸಿರು ಗುರುತು ಹಾಕಿದ್ದೇನೆ. ಆದರೆ ಅದನ್ನು ಮನೆಯ ತನಕ ತಂದು ನೋಡಿರಲಿಲ್ಲ. ಇಟ್ಟವರನ್ನು ಕೇಳು ಎಂಬ ಮಾತೊಂದೇ ನನ್ನ ತಲೆಯಲ್ಲಿ ಉಳಿಯಿತು. ಅವ್ವನ ಅಪ್ಪ ತೀರಿಹೋಗಿ ಬಹಳ ವರ್ಷ. ಆದರೆ ಹೆಸರಿಡುವವಳು ಸೋದರತ್ತೆ ಅಲ್ಲವೇ? ಅವ್ವನ ಸೋದರತ್ತೆ ಇನ್ನೂ ಇದ್ದಾಳೆ. ಊರಿನಲ್ಲೇ ಇದ್ದಾಳೆ, ಎಂಬತ್ತು ದಾಟಿದ ಮುದುಕಿ. ನಾವು ಊರಜ್ಜಿ ಎನ್ನುತ್ತೇವೆ. ಹಬ್ಬಕ್ಕೊಮ್ಮೆ ಫೋನು ಹಚ್ಚಿ, ಉಂಡಿಯೇನು, ನಿದ್ದಿ ಬರ್ತದೇನು ಎಂದು ಕೇಳಿ ಇಡುವುದಷ್ಟೇ.

ಬೆಳಗಾದರೆ ಹದಿಮೂರನೇ ದಿನ. ಅಂದು ಸಂಜೆ ಮನೆಗೆ ಬಂದು ಅವ್ವನ ಎದುರಿಗೇ ಫೋನು ಹಚ್ಚಿದೆ, ಸ್ಪೀಕರ್ ಹಾಕಿದೆ. ಊರಜ್ಜಿಯ ಮೊಮ್ಮಗನ ಹೆಂಡತಿ ಎತ್ತಿ ಮುದುಕಿಯ ಕಿವಿಗೆ ಹಿಡಿದಳು. ಅವ್ವ, "ಇದೆಲ್ಲ ಯಾಕ ಈಗ" ಎಂದು ಎದ್ದು ಹೋಗುವವಳಿದ್ದಳು, ತೊಡೆಯ ಮೇಲೆ ಕೂಸು ಮಲಗಿತ್ತು, ಏಳಲಾಗಲಿಲ್ಲ.

"ಅಜ್ಜಿ, ನಮ್ಮವ್ವನ ಹೆಸರು ಇಟ್ಟವರು ಯಾರು?" ಎಂದು ಕೂಗಿದೆ.

"ಯಾರು ಸತ್ರು?"

"ಯಾರೂ ಸತ್ತಿಲ್ಲ. ಹೆಸರು. ಅವ್ವನ ಹೆಸರು ಯಾರು ಇಟ್ರು?"

"ನಾ ಇಟ್ಟೀನಿ. ಮತ್ಯಾರು ಇಡಬೇಕು?"

"ಅವರಪ್ಪ ಇಟ್ಟ ಅಂತಾಳ ಅವ್ವ. ಹೆಣ್ಣು ಸಾಕು ಅಂತ."

ಮುದುಕಿ ಫೋನನ್ನು ತಾನೇ ಕಸಿದುಕೊಂಡಿರಬೇಕು, ದನಿ ಹತ್ತಿರವಾಯಿತು.

"ನಿಮ್ಮಜ್ಜಗ ಬಾಯೆಲ್ಲಿತ್ತು ಹೆಸರಿಡ್ಲಾಕ? ಮೂರು ಕೂಸು ಮಣ್ಣಿಗಿ ಇಟ್ಟು ಬಂದಂವ. ಇಕಿ ಹುಟ್ಟಿದಾಗ ಒಳಗ ಬಂದು ನೋಡ್ಲೇ ಇಲ್ಲ. ನೋಡಿದ್ರ ಇದೂ ಹೋಗ್ತದ ಅಂತ ಹೊಲದಾಗೇ ಕುಂತ. ನಾನೇ ಕೂಸಿನ್ನ ಸೆರಗಿನ್ಯಾಗ ಕಟ್ಕೊಂಡು ಊರ ಹೊರಗ ದೇವಿ ಕಟ್ಟಿಗಿ ಹೋದೆ. ಹನ್ನೆರಡನೇ ದಿನ. ಮೊದಲಿನ ಮೂರೂ ಹದಿಮೂರನೇ ದಿನ ಕಂಡಿದ್ದಿಲ್ಲ. ಕಟ್ಟಿ ಮ್ಯಾಲ ಮಲಗ್ಸಿ, ಸಾಕವ್ವ, ಅಂದೆ. ಮೂರು ಒಯ್ದಿ, ಸಾಕವ್ವ. ಇದನ್ನ ಬಿಡು ಅಂದೆ."

ಅವ್ವ ಕೂಸಿನ ತಲೆಯ ಮೇಲೆ ಇಟ್ಟ ಕೈ ತೆಗೆಯಲಿಲ್ಲ.

"ಮರುದಿನ ತೊಟ್ಟಿಲಕ ಹಾಕಿದ್ವಿ," ಮುದುಕಿ ಹೇಳುತ್ತಲೇ ಇದ್ದಳು. "ಕಿವ್ಯಾಗ ಏನ್ ಹೇಳ್ಲಿ? ಬಾಯಿಗಿ ಬ್ಯಾರೆ ಹೆಸರು ಬರ್ಲಿಲ್ಲ. ಅದನ್ನೇ ಹೇಳಿದೆ. ಉಳೀತು. ಉಳಿದ ಮ್ಯಾಲ ಯಾರು ಬದಲ ಮಾಡ್ತಾರ? ಯಾಕ, ಏನಾಗ್ಯಾದ ಹೆಸರಿಗಿ?"

"ಏನೂ ಆಗಿಲ್ಲ ಅತ್ತಿ" ಎಂದಳು ಅವ್ವ. ಅದು ಫೋನಿಗೆ ಕೇಳಿಸುವಷ್ಟು ಜೋರಾಗಿರಲಿಲ್ಲ. "ಉಂಡಿ?" ಎಂದು ಜೋರಾಗಿ ಕೇಳಿದಳು. ಉಂಡೆ, ನಿದ್ದಿ ಬರಲ್ಲ ಎಂದು ಆ ಕಡೆಯಿಂದ ಉತ್ತರ ಬಂತು. ಫೋನು ಇಟ್ಟೆವು.

ನಾನು ಆ ಹೆಸರನ್ನು ಬಿಡಿಸಿದ್ದೇ ತಪ್ಪಾಗಿತ್ತು. ಮಲ್ಲವ್ವ, ಬಸವ್ವ ಎಂಬಂತೆ ಸಾಕು ಎಂಬುದು ಹೆಸರು, ಅವ್ವ ಎಂಬುದು ಹೆಣ್ಣಿನ ಹೆಸರಿಗೆ ಹತ್ತುವ ಬಾಲ ಎಂದುಕೊಂಡಿದ್ದೆ. ಓದಿದವಳಿಗೆ ಹಾಗೇ ಕಾಣುತ್ತದೆ. ಅದು ಹೆಸರೇ ಆಗಿರಲಿಲ್ಲ, ಒಂದು ಮಾತು. ಅದರಲ್ಲಿದ್ದ ಅವ್ವ ನಮ್ಮ ಅವ್ವ ಅಲ್ಲ, ಕಟ್ಟೆಯ ಮೇಲಿನ ದೇವಿ. ಅರ್ಥ ಸರಿಯಾಗಿಯೇ ಇತ್ತು, ಸಾಕು ಎಂದರೆ ಸಾಕು. ಯಾರಿಗೆ ಹೇಳಿದ್ದು ಎಂಬುದು ಮಾತ್ರ ಐವತ್ತೈದು ವರ್ಷ ತಪ್ಪಾಗಿತ್ತು.

ಕೂಸು ಎದ್ದು ಅತ್ತಿತು, ಬಾಣಂತಿ ಬಂದು ತೆಗೆದುಕೊಂಡಳು. ಆಗ ಅವ್ವ ಕೇಳಿದ್ದು ನಾನು ಎಣಿಸದಿದ್ದ ಮಾತು.

"ಹೊಲದಾಗ ಕುಂತಿದ್ದನಂತ ನಮ್ಮಪ್ಪ. ಕೇಳಿದೇನು?"

"ಕೇಳಿದೆ ಅವ್ವ."

"ನಾ ದೊಡ್ಡಾಕಿ ಆದ ಮ್ಯಾಲೂ ನನ್ನ ಕಡಿ ಸರಿಯಾಗಿ ನೋಡ್ತಿದ್ದಿಲ್ಲ ಅಂವ. ಮುಖ ಆ ಕಡಿ ಮಾಡಿ ರೊಟ್ಟಿ ತಗೋತಿದ್ದ. ಸಿಟ್ಟು ಅಂತ ತಿಳ್ಕೊಂಡಿದ್ದೆ ನಾ."

ಸೆರಗಿನಿಂದ ಮುಖ ಒರೆಸಿಕೊಂಡು ಎದ್ದಳು. ನಾಳೆಗೆ ಕಡಲೆ ನೆನೆ ಹಾಕಬೇಕಿತ್ತು.

ಮರುದಿನ ಮನೆ ತುಂಬ ಹೆಂಗಸರು. ತೊಟ್ಟಿಲಿನ ಕೆಳಗೆ ನೆನೆಸಿದ ಕಡಲೆಯ ತಟ್ಟೆ. ಕಾಗದದ ಹೆಸರು ಅಷ್ಟರಲ್ಲಿ ಗೊತ್ತಾಗಿತ್ತು. ತಮ್ಮ ಮುನಿಸು ಬಿಟ್ಟು ಇನ್ನೊಂದು ತಂದಿದ್ದ, ನಾನು ನೋಡಿ ಎರಡೂ ಆಧಾರ ಸಿಕ್ಕ ಮೇಲೆ ಹಸಿರು ಎಂದಿದ್ದೆ. ಅದನ್ನು ಹೇಳಲು ತೊಟ್ಟಿಲಿಗೆ ಬಗ್ಗಿದೆ. ಅವ್ವನ ಹೆಸರಿನ ಮಾತನ್ನು ಬಾಣಂತಿಯೂ ಎತ್ತಿರಲಿಲ್ಲ, ನಾನೂ ಎತ್ತಿರಲಿಲ್ಲ. ಬೇಡ ಎಂದ ಮೇಲೆ ಬೇಡ.

ಹಿಂದಿನಿಂದ ಅವ್ವನ ದನಿ ಬಂತು. "ತಡಿ. ಮೊದಲು ನಂದು ಹೇಳು."

ತಿರುಗಿ ನೋಡಿದೆ.

"ನನ್ನ ಮಾರಿ ಏನ್ ನೋಡ್ತಿ? ಕೂಸಿನ ಕಡಿ ನೋಡು."

ಕೂಸಿನ ಕಿವಿಗೆ ಬಾಯಿ ಹಚ್ಚಿ, ಕುರ್‍ರ್ ಸಾಕವ್ವ ಎಂದೆ. ಮೂರು ಸಲ ಹೇಳಬೇಕು. ಮೊದಲನೆಯದು ನೆಟ್ಟಗೆ ಬಂತು. ಎರಡನೆಯದು ತಡವರಿಸಿತು. ಅಷ್ಟರಲ್ಲಿ ಬೆನ್ನಿಗೆ ಗುದ್ದು ಬಿತ್ತು. ಉಳಿದವರೆಲ್ಲ ಬಳೆಯ ಸದ್ದಿಗಾಗಿ ಗುದ್ದುವವರು. ಒಂದು ಗುದ್ದು ಮಾತ್ರ ಇಟ್ಟಿಗೆ ಹೊತ್ತ ಕೈಯದು, ಯಾರದೆಂದು ತಿರುಗಿ ನೋಡುವ ಅಗತ್ಯ ಇರಲಿಲ್ಲ. ಮೂರನೆಯದು ತಾನೇ ಬಾಯಿಂದ ಬಂತು.

ಕಡಲೆ ಹಂಚುವಾಗ ತಮ್ಮನ ಹೆಂಡತಿ ಮೆಲ್ಲಗೆ ಹೇಳಿದಳು, "ಅತ್ತಿ, ನಾಳಿ ಇಕಿಗಿ ಬೈಬೇಕಾದ್ರ ಹೆಂಗ್ರಿ? ನಿಮಗ ಹೆಸರು ಹಿಡಿದು ಬೈದಂಗ ಆಗ್ತದ."

"ಬೈ. ಇಷ್ಟು ದಿನ ಮನಸಿನ್ಯಾಗ ಬೈದಿ, ಇನ್ನ ಬಾಯಿ ತುಂಬ ಬೈ" ಎಂದಳು ಅವ್ವ. ಹೆಂಗಸರೆಲ್ಲ ನಕ್ಕರು. ಬಾಣಂತಿ ನಾಚಿ ಸೆರಗು ಕಚ್ಚಿದಳು.

ಸೋಮವಾರ ಆಫೀಸಿನಲ್ಲಿ ಹೊಸ ಸಾಲು ತೆರೆದು ಹೆಸರು ಬರೆದೆ. ಅರ್ಥದ ಖಾನೆಯಲ್ಲಿ, 'ಸಾಕು, ತಾಯಿ. ಮಕ್ಕಳು ಉಳಿಯದ ಮನೆಯಲ್ಲಿ ದೇವಿಗೆ ಹೇಳಿದ ಮಾತು' ಎಂದು ಬರೆದೆ. ಆಧಾರ ಎಂಬಲ್ಲಿ, 'ಹೆಸರಿಟ್ಟವರ ಬಾಯಿಮಾತು'. ಸಾಹೇಬರು ನೋಡಿ, ಈ ಹೆಸರನ್ನು ಈಗ ಯಾರು ಇಡುತ್ತಾರೆ, ಸ್ವಲ್ಪ ಚೆಂದದ ಅರ್ಥ ಇಲ್ಲವೇ ಎಂದರು. ಇಡುತ್ತಾರೆ ಸರ್, ಮೊನ್ನೆಯೇ ಒಬ್ಬರು ಇಟ್ಟರು ಎಂದೆ. ಚೆಂದದ ಅರ್ಥ ಇದೇ ಎಂದೂ ಹೇಳಿದೆ. ಗುರುತು ಮಾತ್ರ ಹಳದಿಯನ್ನೇ ಹಾಕಿದೆ. ಆಧಾರ ಒಂದೇ, ಅದೂ ಎಂಬತ್ತು ದಾಟಿದ ಮುದುಕಿಯ ನೆನಪು. ನಿಘಂಟಿನಲ್ಲಿ ಈ ಅರ್ಥ ಇಲ್ಲ. ನನ್ನ ಅವ್ವನ ಹೆಸರೆಂದು ಹಸಿರು ಕೊಡಲು ಬರುವುದಿಲ್ಲ. ಇದನ್ನು ಅವ್ವನಿಗೂ ಹೇಳಿದೆ. ಅವಳು ಕೂಸನ್ನು ತೊಡೆಯ ಮೇಲೆ ಹಾಕಿಕೊಂಡು ತಟ್ಟುತ್ತಿದ್ದಳು.

"ಬರಹದ್ದು ಇನ್ನೊಂದು ಬೇಕೇನು?"

"ಬೇಕು."

ಅವ್ವ ಗೋಡೆಯ ಕಡೆ ನೋಡಿದಳು. "ಅದರ ಮ್ಯಾಲ ನನ್ನ ಹೆಸರು ತಿದ್ದಸ್ಲಾಕ ಬರ್ತದೇನು?"

ಬರುತ್ತದೆ ಎಂದೆ. ಅಫಿಡವಿಟ್ ಮಾಡಿಸಬೇಕು, ಹತ್ತನೆಯದರಿಂದ ಶುರು ಮಾಡಬೇಕು, ಮೂರು ಕಡೆ ಅರ್ಜಿ, ಐದಾರು ಸಲ ಓಡಾಟ, ಅವಳೂ ಬಂದು ನಿಲ್ಲಬೇಕಾದೀತು.

"ನಿಲ್ತೀನಿ. ಆ ಸಖುಬಾಯಿ ಯಾರೋ ಏನೋ, ಇಷ್ಟು ದಿನ ನನ್ನ ಮಗಳ ಸಂಗಟ ಗೋಡಿ ಮ್ಯಾಲ ಕುಂತಾಳ."

ಕೂಸು ಮತ್ತೆ ಅಳತೊಡಗಿತು. ಅವ್ವ ಅದನ್ನು ಹೆಗಲಿಗೆ ಹಾಕಿಕೊಂಡು ಎದ್ದಳು, ಒಂದು ಕೈಯಿಂದ ಮೊಣಕಾಲು ಹಿಡಿದುಕೊಂಡು. ಎರಡು ಖೋಲಿಯ ನಡುವೆ ಅಡ್ಡಾಡುತ್ತ ಬೆನ್ನು ತಟ್ಟಿದಳು. "ಸಾಕವ್ವ, ಸಾಕು. ಎಷ್ಟ ಅಳ್ತಿ, ಸಾಕವ್ವ" ಎಂದಳು. ಹೇಳಿದ ಮೇಲೆ ತನಗೇ ಕೇಳಿಸಿ, ನಿಂತು ನನ್ನ ಕಡೆ ತಿರುಗಿದಳು.

"ಏನಬೇ, ಈಗ ನಾ ಯಾರಿಗಿ ಅಂದೆ?"